ಮೂರನೆಯ ರೀಲು

ಕೊಡಿಯಾಲಬೈಲಿನ ಪ್ರೆಸ್ಸಿನ ಮಾಳಿಗೆ,
ಎಂಬತ್ತಮೂರನೇ ಇಸವಿಯ ಆಟಿ, ಒಂದು ಶನಿವಾರ.
ಕೆಳಗೆ ಸೋಣಕ್ಕೆ ಬೇಕಾದ ಮದುವೆ ಕಾಗದಗಳು ಅಚ್ಚಾಗುತ್ತಿದ್ದವು.
ಮೇಲೆ ನಾವು ಒಂಬತ್ತು ಮಂದಿ,
ಎರಡು ಮುಂಡು ಸೇರಿಸಿ ಹೊಲಿದ ಪರದೆ.
ಸಿನಿಮಾ ಯಾವ ದೇಶದ್ದೋ, ಹೆಸರು ನಾಲಗೆಗೆ ಸಿಗದ್ದು.
ದೋಣಿಯ ಹೆಂಗಸು ಎಂದೆವು, ಹಾಗೆಯೇ ಉಳಿಯಿತು.
ಬಾಗಿಲಿನ ಚೀಟಿಯಲ್ಲಿ ಫೆಲಿಕ್ಸ್ ಕ್ರಾಸ್ತಾ ಬರೆದಿದ್ದ:
ರಕ್ತಪಿಶಾಚಿಯ ಕಲಾಚಿತ್ರ.
ರಕ್ತಕ್ಕೆ ಬಂದವರು ಇಬ್ಬರು, ಕಲೆಗೆ ಆರು,
ನಾನು ಹಾಸ್ಟೆಲಿನ ಊಟ ತಪ್ಪಿಸಿಕೊಳ್ಳಲು.

ಕೋರೆಹಲ್ಲಿಲ್ಲ, ಕಪ್ಪು ಮೇಲಂಗಿ ಇಲ್ಲ.
ಒಬ್ಬ ಹೆಂಗಸು, ಒಂದು ನದಿ, ದಾಟಿಸುವ ಹುಡುಗ.
ಅವನ ಕುತ್ತಿಗೆಯನ್ನು ಅವಳು ನೋಡುತ್ತಾಳೆ,
ನಾವು ಬಂಗುಡೆಯ ಬುಟ್ಟಿ ನೋಡುವ ಹಾಗೆ,
ದರ ಕೇಳುವ ಮೊದಲಿನ ನೋಟ.
ಕಚ್ಚುವುದಿಲ್ಲ.
ಒಂದೂಕಾಲು ಗಂಟೆ ಕಚ್ಚುವುದೇ ಇಲ್ಲ ಮಾರಾಯ್ರೆ,
ರಕ್ತಕ್ಕೆ ಬಂದವರಿಬ್ಬರೂ ನಡುವೆಯೇ ಎದ್ದು
ಛತ್ರಿ ಅದಲುಬದಲಾದದ್ದೂ ತಿಳಿಯದೆ ಮೆಟ್ಟಿಲಿಳಿದರು.

ಆಮೇಲೆ ಸತ್ತಳು.
ಕಿಟಕಿ ಸಂದಿನ ಬೆಳಕು ಅವಳ ಮೊಣಕೈ ತನಕ ಏರಿತು,
ಕೈ ಹಿಂದೆಗೆಯಲಿಲ್ಲ. ಪರದೆ ಬೆಳ್ಳಗಾಯಿತು.
ಕೊಗ್ಗಣ್ಣ ದೀಪ ಹಾಕಿ, ರೀಲು ಬದಲಿಸಿ, ದೀಪ ಆರಿಸಿದ.
ನೋಡಿದರೆ ಅವಳು ಅದೇ ದೋಣಿಯಲ್ಲಿ,
ಒದ್ದೆ ಕೂದಲು ಹಿಂಡುತ್ತ,
ಹುಡುಗ ಕೊಟ್ಟ ಬಿಸಿ ರೊಟ್ಟಿಯನ್ನು, ತಿನ್ನಲಾಗದ್ದನ್ನು,
ತಣಿಯುವವರೆಗೆ ಎರಡೂ ಕೈಯಲ್ಲಿ ಹಿಡಿದುಕೊಂಡು.
ರೊಟ್ಟಿಯ ಮೇಲೇ ಮುಗಿಯಿತು.

ಮೂರು ತಿಂಗಳು ಜಗಳ.
ಸಾವು ಬರೀ ಒಂದು ಕಡವು ಎಂದ ಫೆಲಿಕ್ಸ್.
ಕಾಲ ವೃತ್ತಾಕಾರ ಎಂದರು ತರ್ಕಶಾಸ್ತ್ರದ ಮೇಷ್ಟ್ರು.
ಚಾ ತಂದಿದ್ದ ಪೂವಕ್ಕ ಮಾತ್ರ ಆ ರಾತ್ರಿಯೇ ಗೋಡೆಗೊರಗಿ,
"ಪಾಪ, ಮನೆಯವರು ಇವಳಿಗೆ ಎಲೆ ಹಾಕಲಿಲ್ಲ" ಅಂದಿದ್ದಳು.
ನಮ್ಮಲ್ಲಿ ಕುಲೆಗಳಿಗೆ ಬಡಿಸುತ್ತೇವೆ:
ಎಲೆ, ಎಲೆಗೆ ಕೋಳಿ ಸಾರು, ಬದಿಗೊಂದು ಲೋಟ ಶೇಂದಿ.
ಬಾಗಿಲೆಳೆದು ಹೊರಗೆ ನಿಲ್ಲುತ್ತೇವೆ,
ಅವರ ಊಟ ಮುಗಿಯುವಷ್ಟು ಹೊತ್ತು.
ಮದುವೆಯಾಗದೆ ಹೋದವರಿಗೆ ಸಂಬಂಧವನ್ನೂ ಹುಡುಕುತ್ತೇವೆ.
ಕದ್ದು ಕುಡಿಯುವ ಗತಿ ಅವರಿಗೆ ಯಾಕೆ ಬರಬೇಕು?
ಫೆಲಿಕ್ಸ್ ಇದನ್ನು ಚರ್ಚೆಯ ಟಿಪ್ಪಣಿಗೆ ಸೇರಿಸಲಿಲ್ಲ.

ಆಮೇಲೆ ನಾನು ರಕ್ತದ ಕೆಲಸಕ್ಕೇ ಸೇರಿದೆ.
ಜಿಲ್ಲಾಸ್ಪತ್ರೆಯ ಬ್ಲಡ್ ಬ್ಯಾಂಕು, ಮೂವತ್ತೊಂದು ವರ್ಷ.
ನಾಲ್ಕು ಡಿಗ್ರಿಯ ಕಪಾಟು, ಮೂವತ್ತೈದು ದಿನದ ಆಯುಷ್ಯ,
ಚೀಲದ ಮೇಲೆ ನನ್ನ ಕೈಬರಹದ ತಾರೀಕು.
ರಾತ್ರಿ ಎರಡಕ್ಕೆ ಒ ನೆಗೆಟಿವ್ ಕೇಳಿಕೊಂಡು ಬಂದವರಲ್ಲಿ
ದೋಣಿಯ ಆ ನೋಟ ಎಷ್ಟೋ ಸಲ ಕಂಡಿದ್ದೇನೆ.
ಹೆದರಲಿಲ್ಲ. ಕೂರಿ, ಅಂದಿದ್ದೇನೆ.

ಮೊನ್ನೆ ತಂಗಿಯ ಮಗಳು ಧನ್ವಿತಾ
ಎಲ್ಲಿಂದಲೋ ಹುಡುಕಿ ಲ್ಯಾಪ್‌ಟಾಪಿನಲ್ಲಿ ಹಾಕಿಕೊಟ್ಟಳು.
ತೊಳೆದ ಪ್ರಿಂಟು, ಗೀರಿಲ್ಲ, ಮಳೆ ಸದ್ದಿಲ್ಲ.
ಏಳನೇ ನಿಮಿಷಕ್ಕೆ ಹುಡುಗಿಗೆ ನಿದ್ದೆ.
ನಾನು ನೋಡುತ್ತ ಹೋದೆ: ದೋಣಿ, ನೋಟ,
ಕೂದಲು, ರೊಟ್ಟಿ,
ಕೊನೆಗೆ ಕಿಟಕಿ, ಬೆಳಕು, ಮೊಣಕೈ.
ಮುಗಿಯಿತೆಂಬ ಅಕ್ಷರವೂ ಇಲ್ಲ, ಬರೀ ಬಿಳಿ.

ಅಂದರೆ, ಕೊಗ್ಗಣ್ಣ!
ಡಬ್ಬಿಯ ಮೇಲಿನ ಅಂಕಿ ಮಳೆಗೆ ಅಳಿದಿತ್ತೋ,
ಸಂಜೆಗೇ ಒಂದು ಕುಪ್ಪಿ ಹೆಚ್ಚಾಗಿತ್ತೋ.
ಸರಿಯಾಗಿ ನೋಡಿದರೆ ಇದು ಸಾಧಾರಣ ಸಿನಿಮಾ,
ಎಲ್ಲರೂ ತೆಗೆದದ್ದನ್ನೇ ನಿಧಾನಕ್ಕೆ ತೆಗೆದಿದ್ದಾರೆ.
ಲೋಕ ಮರೆತದ್ದರಲ್ಲಿ ತಪ್ಪಿಲ್ಲ.

ಕೊಗ್ಗಣ್ಣನನ್ನು ಕೇಳೋಣವೆಂದರೆ ಅವನಿಲ್ಲ.
ಒಮ್ಮೆ ನನ್ನ ಕೌಂಟರಿಗೆ ಬಂದಿದ್ದ, ಹೆಂಡತಿಗೆ ಎರಡು ಚೀಲ.
ಬೆಳಗಿನ ಜಾವ ಒಂದನ್ನು ತಿರುಗಿ ತಂದ.
ಇನ್ನು ಬೇಡವಂತೆ, ಅಂದ.
ಅವನ ಅಂಗೈಯಲ್ಲಿ ಅದು ಬೆಚ್ಚಗಾಗಿಬಿಟ್ಟಿತ್ತು.
ಬೆಚ್ಚಗಾದದ್ದನ್ನು ಕಪಾಟಿಗೆ ಇಡುವ ಹಾಗಿಲ್ಲ.
ಅವನು ಗೇಟು ದಾಟುವವರೆಗೆ ಕಾದು, ಚೆಲ್ಲಿದೆ.

ಬೆರಳಿನಿಂದ ಗೆರೆಯನ್ನು ಹಿಂದಕ್ಕೆ ಎಳೆದೆ.
ನದಿ, ದೋಣಿ, ಕೂದಲಿನಿಂದ ಇಳಿಯುವ ನೀರು.
ಧನ್ವಿತಾ ಕಣ್ಣುಜ್ಜುತ್ತ ಎದ್ದು ಕೂತಳು,
"ಎಂತ ದೊಡ್ಡಮ್ಮ, ಇವಳು ಆಗಲೇ ಸತ್ತಿರಲಿಲ್ವಾ?"
ಸತ್ತದ್ದು ಹೌದು, ಅಂದೆ.
ಈಗ ಹಸಿವಾಗಿದೆ.